ಅವ್ವನ ತಂಗಳ ದನಿ

ತಂಗಳ ದನಿ ಎಂಬ ಕಾಯಿಲೆಯ ಪೆಟ್ಟು ತಿಂದವಳು ನಮ್ಮವ್ವ. ಬಸ್ ನಿಲ್ದಾಣವನ್ನು ಬೈಪಾಸಿಗೆ ಒಯ್ಯಬೇಕೆಂದು ಠರಾವು ಬರೆದ ಸಮಿತಿಯ ಯಾವ ಸದಸ್ಯರೂ ಅದರಿಂದ ಒಂದು ಹೊತ್ತಿನ ಚಹಾ ಕಳೆದುಕೊಂಡಿಲ್ಲ. ಅವ್ವ ಮಾತ್ರ ತನ್ನ ಮಾತು ಬಂದು ತಲುಪುವ ಜಾಗವನ್ನೇ ಕಳೆದುಕೊಳ್ಳುವ ಅಂಚಿನಲ್ಲಿದ್ದಾಳೆ. ಇದನ್ನು ಮೊದಲೇ ಹೇಳಿಬಿಡುತ್ತೇನೆ, ಏಕೆಂದರೆ ಈ ಕಾಯಿಲೆಯ ವಿಷಯ ಕೇಳಿದವರೆಲ್ಲ ಮೊದಲು ನಗುತ್ತಾರೆ. ನಗುವುದು ತಪ್ಪಲ್ಲ, ನಾವೂ ನಕ್ಕಿದ್ದೇವೆ. ನಕ್ಕ ಮೇಲೆ ಎದ್ದು ಹೋಗುವುದು ತಪ್ಪು.

ನಮ್ಮ ನಾಲ್ಕು ತಾಲೂಕಿನವರಿಗೆ ವಿವರಿಸಬೇಕಿಲ್ಲ, ಉಳಿದವರಿಗಾಗಿ ಬರೆಯುತ್ತೇನೆ. ತಂಗಳ ದನಿ ಬಂದವರು ಇವತ್ತು ಆಡಿದ ಮಾತು ಇವತ್ತು ಕೇಳಿಸುವುದಿಲ್ಲ. ತುಟಿ ಅಲುಗುತ್ತದೆ, ಗಂಟಲು ಏರಿಳಿಯುತ್ತದೆ, ಸದ್ದಿಲ್ಲ. ಮರುದಿನ ಅದೇ ಹೊತ್ತಿಗೆ, ಅವರು ಬಾಯಿ ತೆರೆದಿದ್ದ ಅದೇ ಜಾಗದಲ್ಲಿ, ಅವರು ಅಲ್ಲಿರಲಿ ಇಲ್ಲದಿರಲಿ, ಆ ಮಾತು ಗಾಳಿಯಲ್ಲಿ ಎದ್ದು ಕೇಳಿಸುತ್ತದೆ. ರಾತ್ರಿ ಉಳಿದ ರೊಟ್ಟಿಯನ್ನು ಬೆಳಗ್ಗೆ ತಿನ್ನುವ ಹಾಗೆ ನಾವು ನಿನ್ನೆಯ ಮಾತನ್ನು ಇವತ್ತು ಕೇಳುತ್ತೇವೆ. ಆದ್ದರಿಂದ ಆ ಹೆಸರು.

ನಮ್ಮ ಸೀಮೆಯಲ್ಲಿ ಬೇರೆ ಕಾಯಿಲೆಗಳೂ ಇವೆ. ಇಂಡಿಯ ನಿಂಬೆ ತೋಟಗಳಲ್ಲಿ ಕೆಲಸ ಮಾಡುವವರಿಗೆ ಹುಳಿಗಣ್ಣು ಬರುತ್ತದೆ. ಅಂಥವರು ಅಳುವಾಗ ಹತ್ತಿರ ಹಾಲಿಟ್ಟರೆ ಒಡೆದುಹೋಗುತ್ತದೆ. ಸಿಂದಗಿಯ ಕಡೆ ಗಂಟೆಮೊಣಕಾಲು ಇದೆ. ಮಳೆ ಬರುವ ಎರಡು ದಿನ ಮೊದಲು ಮೊಣಕಾಲು ಢಣ್ ಎನ್ನುತ್ತದೆ. ಗಂಟೆಮೊಣಕಾಲಿನವರಿಗೆ ದವಾಖಾನೆಯ ಪಟ್ಟಿಯಲ್ಲಿ ಸ್ಥಾನವಿದೆ, ಪ್ರಮಾಣಪತ್ರವಿದೆ, ಬಿತ್ತನೆಯ ಕಾಲದಲ್ಲಿ ಮರ್ಯಾದೆಯೂ ಇದೆ. ತಂಗಳ ದನಿ ಆ ಪಟ್ಟಿಯಲ್ಲಿಲ್ಲ. ಸದ್ದು ಮಾಡುವ ಕಾಯಿಲೆಯನ್ನು ಗುರುತಿಸಿ, ಸದ್ದಿಲ್ಲದ್ದನ್ನು ಹಟವೆಂದು ಬರೆದುಕೊಂಡದ್ದು ನಾನು ದಾಖಲಿಸುವ ಮೊದಲನೆಯ ಅನ್ಯಾಯ.

ನಮ್ಮೂರು ಕೊಲ್ಹಾರದಿಂದ ಬಸವನ ಬಾಗೇವಾಡಿಯ ಕಡೆಗೆ ಹೋಗುವ ದಾರಿಯಲ್ಲಿದೆ. ಹಳೆಯ ಊರು ಕೃಷ್ಣೆಯ ಹಿನ್ನೀರಿನ ಕೆಳಗಿದೆ. ಈಗಿನದು ಎತ್ತರದಲ್ಲಿ ಹೊಸದಾಗಿ ಕಟ್ಟಿದ್ದು. ಅವ್ವ ಮಣ್ಣಿನ ಗಡಿಗೆಯಲ್ಲಿ ಮೊಸರು ಹೆಪ್ಪು ಹಾಕಿ ಬಸ್ ನಿಲ್ದಾಣದ ಬೇವಿನ ಮರದ ಕೆಳಗೆ ಮಾರುತ್ತಾಳೆ. ಅವಳ ಪಕ್ಕದಲ್ಲಿ ಇನ್ನೊಂದು ಬುಟ್ಟಿ, ನಾವು ಚಾಚಿ ಎಂದು ಕರೆಯುವ ನೆರೆಯವಳದು. ಚಾಚಿಯ ಮನೆ ನಮ್ಮ ಮನೆಯ ಗೋಡೆಗೆ ಹೊಂದಿಕೊಂಡಿದೆ. ಹಳೆಯ ಊರಿನಲ್ಲೂ ಹಾಗೆಯೇ ಇತ್ತು. ಇಬ್ಬರ ಗಿರಾಕಿಗಳು ಬೇರೆ, ಆದರೆ ಹೆಪ್ಪು ಒಂದೇ. ಒಬ್ಬರ ಮನೆಯಲ್ಲಿ ತೀರಿದರೆ ಇನ್ನೊಬ್ಬರ ಮನೆಯಿಂದ ಒಂದು ಚಮಚ ಬರುತ್ತದೆ.

ಅವ್ವನಿಗೆ ಇದು ಬಂದಾಗ ನಾನು ಎಂಟನೇ ಇಯತ್ತೆಯಲ್ಲಿದ್ದೆ. ಹೊಸ ಊರಿನ ಮನೆಯ ಜಾಗದ ಹಕ್ಕುಪತ್ರಕ್ಕಾಗಿ ಅವಳು ಮೂರು ವರ್ಷ ಒಂದು ಕಚೇರಿಗೆ ಅಲೆದಿದ್ದಳು. ಆ ಕಚೇರಿಯ ಮೇಜಿನ ಆಚೆ ಕುಳಿತವರು ಬದಲಾಗುತ್ತಿದ್ದರು, ಉತ್ತರ ಬದಲಾಗುತ್ತಿರಲಿಲ್ಲ: “ನಾಳಿ ಬರ್ರಿ.” ಹಾಗೆ ಹೇಳಿಸಿಕೊಂಡು ಬಂದ ಒಂದು ಸಂಜೆಯ ಮರುದಿನ, ಬೆಳಗ್ಗೆ ಒಲೆಯ ಮುಂದೆ ಕುಳಿತ ಅವ್ವ ನನ್ನ ಕಡೆ ತಿರುಗಿ ಬಾಯಿ ಆಡಿಸಿದಳು. ನನಗೆ ಏನೂ ಕೇಳಿಸಲಿಲ್ಲ. ನನ್ನ ಕಿವಿಯೇ ಹೋಯಿತೆಂದು ಹೆದರಿ ನಾನು ಹಾಸಿಗೆಯಲ್ಲೇ ಕುಳಿತೆ. ಆದರೆ ಹೊರಗೆ ಕೋಳಿ ಕೂಗುತ್ತಿತ್ತು, ಗೋಡೆಯ ಆಚೆ ಚಾಚಿ ರೊಟ್ಟಿ ಬಡಿಯುತ್ತಿದ್ದಳು.

ಆ ಇಡೀ ದಿನ ಅವ್ವ ಕೈಸನ್ನೆಯಲ್ಲಿ ಕಳೆದಳು. ಮರುದಿನ ನಾನು ಎದ್ದು, ತಲೆ ಬಾಚಿಕೊಂಡು, ಪಾಟಿಚೀಲ ಹೆಗಲಿಗೆ ಹಾಕಿಕೊಂಡು ನಿಂತಿದ್ದೇನೆ. ಅವ್ವ ಒಲೆಯ ಮುಂದೆ ಬಾಯಿ ಮುಚ್ಚಿ ಕುಳಿತಿದ್ದಾಳೆ. ಒಲೆಯ ಮೇಲಿನ ಗಾಳಿಯಿಂದ ಅವಳದೇ ದನಿ ಬಂತು.

“ಏಳತೀಯೋ ಇಲ್ಲೋ? ಬಿಸಲ ಮಾರಿ ಮ್ಯಾಲ ಬಂದೈತಿ. ಸಾಲಿಗಿ ನಿನ್ನ ಬದಲಿ ಹಾಸಿಗಿ ಕಳಸ್ಲೇನು?”

ಅವ್ವನ ಕೈಯಲ್ಲಿದ್ದ ಹಿಟ್ಟು ಕೆಳಗೆ ಬಿತ್ತು. ಅವಳು ನನ್ನ ಮುಖ ನೋಡಿದಳು, ನಾನು ಅವಳ ಮುಖ ನೋಡಿದೆ. ಆಮೇಲೆ ಅವಳು ನಕ್ಕಳು. ಆ ನಗು ಆಗಲೇ, ಅಲ್ಲೇ ಕೇಳಿಸಿತು. ನಗು ತಂಗಳಾಗುವುದಿಲ್ಲ ಎಂಬುದು ಈ ಕಾಯಿಲೆಯ ಬಗ್ಗೆ ನಾನು ಕಂಡುಕೊಂಡ ಮೊದಲ ನಿಯಮ. ಅಳುವೂ ಹಾಗೆಯೇ ಎಂಬುದು ಕೆಲವು ದಿನಗಳಲ್ಲಿ ತಿಳಿಯಿತು.

ಗೋಡೆಯ ಆಚೆಯಿಂದ ಬಂದ ಚಾಚಿ ಎಲ್ಲ ಕೇಳಿ ಹೇಳಿದಳು: “ತಂಗಳಾದ್ರೂ ನಿಮ್ಮವ್ವನ ಬೈಗಳದ ಖಾರ ಏನೂ ಕಮ್ಮಿ ಆಗಿಲ್ಲ ನೋಡು.”

ಬಸವನ ಬಾಗೇವಾಡಿಯ ಒಬ್ಬ ವೈದ್ಯರ ಬಳಿಗೆ ಅವ್ವನನ್ನು ಕರೆದೊಯ್ದೆ. ಅವರು ಎಷ್ಟು ದಿನದಿಂದ ಎಂದು ಕೇಳಿದರು. ಅವ್ವ ಬಹಳ ಹೊತ್ತು ತುಟಿ ಆಡಿಸಿದಳು. ಅವರು ಗಂಟಲಿಗೆ ದೀಪ ಹಿಡಿದು ನೋಡಿ ಚೀಟಿಯ ಮೇಲೆ “ಮಾತನಾಡಲು ನಿರಾಕರಿಸುತ್ತಾರೆ” ಎಂದು ಬರೆದರು. ಅವ್ವ ಏನು ಹೇಳಿರಬಹುದೆಂಬ ಕುತೂಹಲ ತಡೆಯಲಾರದೆ ಮರುದಿನ ಅದೇ ಹೊತ್ತಿಗೆ ನಾನೊಬ್ಬಳೇ ಹೋಗಿ ಬಾಗಿಲ ಬಳಿ ನಿಂತೆ. ಅವ್ವ ಕುಳಿತಿದ್ದ ಕುರ್ಚಿಯಲ್ಲಿ ಕಾಲು ಉಳುಕಿದ ಒಬ್ಬ ಗಡ್ಡದ ಮನುಷ್ಯ ಕುಳಿತಿದ್ದ. ಅವನ ಹೊಟ್ಟೆಯ ಮುಂದಿನಿಂದ ಅವ್ವನ ದನಿ ಬಂತು.

“ನಾಕ ದಿನ ಆತ್ರೀ ಸಾಹೇಬ್ರ. ನೋವೇನಿಲ್ರೀ. ಮಾತ ಗಂಟಲದಾಗ ಬಂದು ಸರದಿ ಹಚ್ಚಿ ನಿಂತಂಗ ಆಗತೈತ್ರೀ.”

ವೈದ್ಯರು ತಲೆಯೆತ್ತಿ ಅವನನ್ನು ಕೇಳಿದರು: “ಕಾಲು ಅಂದಿ, ಈಗ ಗಂಟಲಾ ಅಂತೀಯಲ್ಲ?”

“ನಂದ ಕಾಲ ಅಷ್ಟs ರೀ,” ಎಂದ ಅವನು. “ಗಂಟಲ ಕುರ್ಚಿದು.”

ಅವನಿಗೆ ಕಾಲಿನ ಎಣ್ಣೆಯ ಜೊತೆ ಗಂಟಲಿನ ಗುಳಿಗೆಯನ್ನೂ ಬರೆದುಕೊಟ್ಟರು. ಅವ್ವನ ಚೀಟಿ ಮಾತ್ರ ಇದ್ದ ಹಾಗೆಯೇ ಉಳಿಯಿತು. ನಾನು ಒಳಗೆ ಹೋಗಿ, ಈಗ ಕೇಳಿದಿರಲ್ಲ, ಅದನ್ನು ಬರೆದುಕೊಳ್ಳಿ ಎಂದೆ. ರೋಗಿ ಎದುರಿಗಿಲ್ಲದೆ ಬರೆಯುವ ಹಾಗಿಲ್ಲ ಎಂದರು. ರೋಗಿ ಎದುರಿಗಿದ್ದಾಗ ದನಿಯಿಲ್ಲ, ದನಿಯಿದ್ದಾಗ ರೋಗಿಯಿಲ್ಲ. ಎರಡರ ನಡುವೆ ಒಂದು ದಿನ ಕಾಯಬೇಕಾದವರು ಎದ್ದು ಹೋಗುತ್ತಾರೆ. ಇದು ಎರಡನೆಯ ಅನ್ಯಾಯ.

ಹಿಂದಿನ ದಿನ ನಾವು ಬಾಗೇವಾಡಿಯಲ್ಲಿದ್ದಾಗ ನಿಲ್ದಾಣದಲ್ಲಿ ನಡೆದದ್ದನ್ನು ಚಾಚಿ ಅಂದು ಸಂಜೆ ವರದಿ ಮಾಡಿದಳು. ಅವ್ವನಿಲ್ಲದ ಜಾಗದಲ್ಲಿ ಅವ್ವನ ಹಿಂದಿನ ದಿನದ ಕೂಗು ಬಸ್ಸು ಬಂದಾಗಲೆಲ್ಲ ಎದ್ದಿತ್ತು. ಕಿಟಕಿಗಳಿಂದ ಕೈಗಳು ಹೊರಬಂದಿದ್ದವು.

“ಗಿರಾಕಿ ಕೈ ಚಾಚ್ಯಾರ, ಕೆಳಗ ಗಡಿಗಿ ಇಲ್ಲ. ನಾ ಏನ ಮಾಡ್ಲಿ? ನನ್ನ ಬುಟ್ಟಿ ಒಯ್ದು ಆಕಿ ದನಿ ಕೆಳಗ ಇಟ್ಟು ಮಾರಿದೆ. ಒಬ್ಬಾಂವ ಅಂತಾನ, ಬಾಯಾಗ ಎಲಿ ಅಡಿಕಿ ಇಟಗೊಂಡು ಇಷ್ಟ ಜೋರ ಹ್ಯಾಂಗ ಒದರತೀ ಬೇ ಅಂತ.”

ಅವ್ವ ನಕ್ಕಳು. ಆದರೆ ಅಂದಿನಿಂದ, ಕೂಗಿದ ಮರುದಿನ ಆ ಮರದ ಕೆಳಗೆ ಹೋಗುವುದನ್ನು ಅವಳು ಒಮ್ಮೆಯೂ ತಪ್ಪಿಸಲಿಲ್ಲ. ಜ್ವರವಿದ್ದರೂ ಹೋದಳು. ತನ್ನ ದನಿ ತಬ್ಬಲಿಯಾಗಿ ನಿಂತು ಜನರನ್ನು ಕರೆಯುವುದು ಅವಳಿಗೆ ಸರಿಬರಲಿಲ್ಲ.

ಮುಂದೆ ನಾನು ಸಿಂದಗಿಯ ಒಂದು ವಸತಿಶಾಲೆಗೆ ಸೇರಿದೆ. ಅಲ್ಲಿ ಬೆಂಚುಗಳಿರಲಿಲ್ಲ, ದುಂಡಗೆ ಕುಳಿತು ಕಲಿಯುತ್ತಿದ್ದೆವು. ಉತ್ತರಕ್ಕಿಂತ ಪ್ರಶ್ನೆಗೆ ಹೆಚ್ಚು ಅಂಕ ಕೊಡುತ್ತಿದ್ದರು. ರಜೆಗೆ ಬಂದಾಗ ಒಂದು ನೋಟುಬುಕ್ಕಿನಲ್ಲಿ ಅವ್ವನ ಕಾಯಿಲೆಯ ನಿಯಮಗಳನ್ನು ಬರೆಯತೊಡಗಿದೆ. ನಡೆಯುತ್ತಾ ಆಡಿದ ಮಾತು ದಾರಿಯುದ್ದಕ್ಕೂ ಹರಡಿಕೊಂಡು ಬರುತ್ತದೆ. ಬಾವಿಗೆ ಬಗ್ಗಿ ಆಡಿದ್ದು ಮರುದಿನ ಎರಡು ಸಲ ಕೇಳಿಸುತ್ತದೆ. ಮೊಬೈಲಿನಲ್ಲಿ ಮಾತನಾಡಿದರೆ ಆಚೆಯವರಿಗೆ ಏನೂ ತಲುಪುವುದಿಲ್ಲ. ಮಾತು ಅವ್ವ ನಿಂತಿದ್ದ ಜಾಗದಲ್ಲೇ ಉಳಿಯುತ್ತದೆ.

ಹಾಗಾದರೆ ಚಲಿಸುವ ಬಸ್ಸಿನಲ್ಲಿ ಆಡಿದ ಮಾತು ರಸ್ತೆಗೆ ಸೇರಿದ್ದೋ, ಬಸ್ಸಿಗೆ ಸೇರಿದ್ದೋ? ಇದನ್ನು ತಿಳಿಯಲು ನಾವಿಬ್ಬರೂ ತಾಳಿಕೋಟೆಯಿಂದ ಮುದ್ದೇಬಿಹಾಳದ ಬಸ್ಸು ಹತ್ತಿ, ಮುಂದಿನಿಂದ ಮೂರನೆಯ ಸೀಟಿನಲ್ಲಿ ಕುಳಿತೆವು. ಅವ್ವ ಕಂಡಕ್ಟರನಿಗೆ ಊರು ಹೇಳಿದಳು. ಎರಡು ವಾರದ ನಂತರ ಅದೇ ಕಂಡಕ್ಟರ್ ನಮ್ಮೂರಿನ ನಿಲ್ದಾಣದಲ್ಲಿ ದನಿಯ ಗುರುತು ಹಿಡಿದು, ಇಳಿದು ಅವ್ವನ ಬುಟ್ಟಿಯ ಮುಂದೆ ನಿಂತ.

“ಅವತ್ತ ನೀವು ಮುದ್ದೇಬಿಹಾಳ ಎರಡು ಅಂದದ್ದು ಮರದಿನ ಹೊರ್ತಿ ಹತ್ತಿರ ಬಂತ ನೋಡ್ರಿ. ಬಸ್ ಇಂಡಿಗಿ ಹೊಂಟೈತಿ. ಸೀಟಿನ್ಯಾಗ ಒಬ್ಬ ಹವಾಲ್ದಾರ್ ಕುಂತಾನ. ಹೆಣಮಗಳ ದನೀಲೆ ಟಿಕೀಟ್ ಕೇಳ್ತಾನಂತ ಬಸ್ಸಿಗೆ ಬಸ್ಸs ಅಂವನ್ನ ನೋಡ್ತು. ಅಂವಾ ಇಂಡಿ ತನಾ ತೆಲಿ ಎತ್ಲಿಲ್ಲ.”

“ಸೀಟಿಗಿ,” ಎಂದು ನಾನು ನೋಟುಬುಕ್ಕಿನಲ್ಲಿ ಬರೆದೆ. ರಸ್ತೆಗಲ್ಲ, ಸೀಟಿಗೆ. ದನಿಗೆ ಬೇಕಾದದ್ದು ಭೂಪಟದ ಮೇಲಿನ ಬಿಂದುವಲ್ಲ. ಕುಳಿತ ಹಲಗೆ, ಒರಗಿದ ಮರ. ಆಗ ಇದನ್ನು ಸಂತೋಷದಿಂದ ಬರೆದಿದ್ದೆ.

ಇಷ್ಟರಲ್ಲಿ ಅವ್ವ ತನ್ನ ವ್ಯಾಪಾರಕ್ಕೆ ಒಂದು ಕ್ರಮ ಕಟ್ಟಿಕೊಂಡಿದ್ದಳು. ಅವಳು ಇವತ್ತು ಕೂಗುವುದು ನಾಳೆಯ ಮೊಸರಿಗಾಗಿ. ಆ ಮೊಸರು ಕೂಗುವ ಹೊತ್ತಿಗೆ ಇನ್ನೂ ಎಮ್ಮೆಯ ಕೆಚ್ಚಲಲ್ಲಿರುತ್ತದೆ. ಆದರೂ ಅವಳು ಗಾಳಿ ನೋಡುತ್ತಾಳೆ, ಗಡಿಗೆಯ ಕುತ್ತಿಗೆ ಮುಟ್ಟಿ ಎಷ್ಟು ತಂಪಿದೆ ಎಂದು ಅಂದಾಜು ಮಾಡುತ್ತಾಳೆ, ಹೆಪ್ಪಿನ ಒಂದು ಹನಿಯನ್ನು ನಾಲಿಗೆಗೆ ಹಚ್ಚಿಕೊಳ್ಳುತ್ತಾಳೆ, ಆಮೇಲೆ ಬಾಯಿ ತೆರೆಯುತ್ತಾಳೆ. ಸುಗ್ಗಿಯ ಚಳಿಯಲ್ಲಿ ಅವಳ ದನಿ “ಗಡಿಗಿ ಬೋರಲ ಹಾಕಿದ್ರೂ ಬೀಳಂಗಿಲ್ಲ, ಸಿಹಿ ಮೊಸರ” ಎನ್ನುತ್ತದೆ. ಬೇಸಗೆಯಲ್ಲಿ “ಇವತ್ತಿಂದು ಒಂದೀಟ ಹುಳಿ ಐತ್ರೀ, ಮಜ್ಜಿಗಿಗಿ ಒಯ್ರಿ” ಎನ್ನುತ್ತದೆ. ತನ್ನ ಸರಕು ಹುಳಿ ಎಂದು ಕೂಗಿ ಮಾರುವ ವ್ಯಾಪಾರಿಯನ್ನು ನಾನು ಬೇರೆಲ್ಲೂ ಕಂಡಿಲ್ಲ. ಅಂದಾಜು ತಪ್ಪಿದ ದಿನ ಅವ್ವ ದನಿ ಸುಳ್ಳು ಹೇಳಿತೆಂದು ಎರಡೂ ಕೈಯಿಂದ ಸನ್ನೆ ಮಾಡಿ, ಗಿರಾಕಿಯನ್ನು ಚಾಚಿಯ ಬುಟ್ಟಿಗೆ ಕಳಿಸುತ್ತಾಳೆ. ಅವಳು ಕೂಗುವಾಗ ತುಟಿ ನಾಳೆಯ ಮಾತನ್ನು ಆಡುತ್ತಿರುತ್ತದೆ, ದನಿ ನಿನ್ನೆಯದು. ನಿತ್ಯದ ಪ್ರಯಾಣಿಕರು ಅವಳ ತುಟಿ ನೋಡಿ ನಾಳೆಯ ಮೊಸರು ಹೇಗಿರುತ್ತದೆಂದು ಹೇಳಲು ಕಲಿತಿದ್ದರು.

ಈ ಕಾಯಿಲೆ ಯಾರಿಗೆ ಬರುತ್ತದೆ, ಏಕೆ ಬರುತ್ತದೆ ಎಂಬ ಪ್ರಶ್ನೆಯನ್ನು ಯಾವ ದವಾಖಾನೆಯೂ ಕೇಳಿರಲಿಲ್ಲ. ಓದು ಮುಗಿಸಿ ಊರಿಗೆ ಮರಳಿದ ಮೇಲೆ ನಾನೇ ಕೇಳಬೇಕಾಯಿತು. ನಾಲ್ಕು ತಾಲೂಕುಗಳಲ್ಲಿ ಹುಡುಕಿ, ತಂಗಳ ದನಿಯವರನ್ನು ಹೊರ್ತಿಯ ಒಂದು ಶಾಲೆಯ ಕೋಣೆಯಲ್ಲಿ ಸೇರಿಸಿದೆ. ನಿಂಬೆಹಣ್ಣು ಆರಿಸುವವರು, ಕಲ್ಲು ಒಡೆಯುವವರು, ಅಡುಗೆ ಕೆಲಸದವರು ಬಂದರು. ಎಲ್ಲರೂ ಕುಳಿತೆವು, ಎಲ್ಲರೂ ಮಾತನಾಡಿದರು. ಕೋಣೆಯಲ್ಲಿ ಫ್ಯಾನಿನ ಸದ್ದು ಮಾತ್ರವಿತ್ತು. ಮರುದಿನ ಅದೇ ಹೊತ್ತಿಗೆ ಮತ್ತೆ ಬಂದು ಕುಳಿತೆವು, ಈ ಸಲ ಬಾಯಿ ಮುಚ್ಚಿಕೊಂಡು. ಗಡಿಯಾರದ ಮುಳ್ಳು ಹಿಂದಿನ ದಿನದ ಹೊತ್ತಿಗೆ ಬಂತು. ಆ ಕೋಣೆಯಲ್ಲಿ ಎದ್ದ ಮೊದಲ ಮಾತು, ಹತ್ತಾರು ದನಿಗಳಲ್ಲಿ ಒಟ್ಟಿಗೆ, ಇದು: “ಯಾಕ ಯಾರೂ ಮಾತಾಡವಲ್ರಿ?”

ನಗು ನಿಲ್ಲಲು ಸ್ವಲ್ಪ ಹೊತ್ತು ಹಿಡಿಯಿತು. ನಿಂತ ಮೇಲೆ ಒಂದೊಂದೇ ಚಾಪೆಯ ಮೇಲಿನಿಂದ ಒಂದೊಂದು ಹಿಂದಿನ ದಿನದ ಮಾತು ಬಂತು. ಒಬ್ಬರಿಗೆ ಪಿಂಚಣಿಯ ಕಾಗದ, ಒಬ್ಬರಿಗೆ ಮಗಳ ಜನನಪತ್ರ, ಒಬ್ಬರಿಗೆ ಮುಳುಗಿದ ಹೊಲದ ಸರ್ವೆ ನಂಬರು. ಎಲ್ಲರೂ ಯಾವುದೋ ಒಂದು ಮೇಜಿನ ಮುಂದೆ ವರ್ಷಗಟ್ಟಲೆ ನಿಂತವರು. ಎಲ್ಲರೂ ನಾಳೆ ಬನ್ನಿ ಎಂದು ಹೇಳಿಸಿಕೊಂಡವರು. ಆ ಮೇಜಿನ ಆಚೆ ಕುಳಿತ ಯಾರಿಗೂ ಈ ಕಾಯಿಲೆ ಬಂದದ್ದನ್ನು ನಾನು ಈವರೆಗೆ ಕಂಡಿಲ್ಲ. ನಾನು ವೈದ್ಯಳಲ್ಲ, ಇದು ಕಾರಣವೇ ಎಂದು ಸಾಧಿಸಲಾರೆ. ಆದರೆ ಸಾಧಿಸಬಲ್ಲವರು ಕೇಳಿಯೂ ನೋಡಲಿಲ್ಲ ಎಂಬುದನ್ನು ಮೂರನೆಯ ಅನ್ಯಾಯವಾಗಿ ಬರೆದಿಡುತ್ತೇನೆ.

ನಿಲ್ದಾಣದ ವಿಷಯ ಎದ್ದದ್ದು ಇದಾದ ಮೇಲೆ. ಬಸ್ಸುಗಳು ಇನ್ನು ಊರೊಳಗೆ ಬರುವುದು ಬೇಡ, ಬೈಪಾಸಿನಲ್ಲೇ ನಿಲ್ಲಲಿ ಎಂದು ಒಂದು ಸ್ಥಳಾಂತರ ಸಮಿತಿ ರಚನೆಯಾಯಿತು. ಬೇವಿನ ಮರವನ್ನು ಕಡಿದು ಅಲ್ಲಿ ಮಳಿಗೆ ಕಟ್ಟುವುದೆಂದೂ ಅದರಲ್ಲಿತ್ತು. ಆಕ್ಷೇಪಣೆ ಇರುವವರು ಬಂದು ಹೇಳಬಹುದೆಂದು ಸಭಾಭವನದ ಬಾಗಿಲಿಗೆ ಕಾಗದ ಅಂಟಿಸಿದರು.

ಅವ್ವ ಸಭೆಯ ಹಿಂದಿನ ದಿನವಿಡೀ ಸಿದ್ಧತೆ ಮಾಡಿಕೊಂಡಳು. ಅಂದೇ ಭವನದೊಳಗೆ ನಿಂತು ಆಡಿಡೋಣವೆಂದರೆ ಬಾಗಿಲಿಗೆ ಕೀಲಿ ಹಾಕಿತ್ತು. ಸಭೆಯಲ್ಲಿ ಮುಂದಿನ ಸಾಲಿನ ಕುರ್ಚಿಯ ಬಳಿ ನಿಂತು, ಸೆರಗು ಸರಿಪಡಿಸಿಕೊಂಡು, ಕೈಮುಗಿದು ಮಾತನಾಡಿದಳು. ಬಹಳ ಹೊತ್ತು ಮಾತನಾಡಿದಳು. ಮುಗಿಸಿ ಕುಳಿತಳು.

“ಏನವಾ, ಸುಮ್ಮನ ನಿಂತು ಸುಮ್ಮನ ಕುಂತಿ,” ಎಂದರು ಅಧ್ಯಕ್ಷರು. “ಒಪ್ಪಿಗಿ ಐತಿ ಅಂತ ಬರಕೊಳ್ಲೇನು?”

ಹಿಂದಿನಿಂದ ಚಾಚಿ ಎದ್ದಳು. “ಆಕಿ ಮಾತಾಡ್ಯಾಳ್ರೀ. ನಾಳಿ ಇದs ಹೊತ್ತಿಗಿ ಇಲ್ಲೇ ಕೇಳತೈತಿ. ಒಂದ ತಾಸು ಬಂದ ಕುಂದರ್ರಿ.”

“ನಾಳಿ ನಮಗ ಬ್ಯಾರೆ ಮೀಟಿಂಗ್ ಐತಿ.”

“ಹಂಗಾರ ಆಕಿ ಮೂರ ವರ್ಷ ನಾಳಿ ನಾಳಿ ಅಂತ ಅಡ್ಡ್ಯಾಡಿಲ್ಲೇನು? ನಿಮಗ ಒಂದ ನಾಳಿ ಆಗವಲ್ದೇನು?”

ಕೆಲವರು ನಕ್ಕರು. ಗುಮಾಸ್ತರು “ಆಕ್ಷೇಪಣೆ ಇಲ್ಲ” ಎಂದು ಬರೆದರು. ಅವ್ವ ಸನ್ನೆಯಲ್ಲಿ ಬೇಡ ಬೇಡವೆಂದು ಕೈ ಬೀಸಿದಳು, ಅದನ್ನು ನಮಸ್ಕಾರವೆಂದುಕೊಂಡರು.

ಇಲ್ಲಿ ನನ್ನ ತಪ್ಪನ್ನೂ ಹೆಸರಿಸಬೇಕು. ನಾನು ಆ ಸಭೆಯಲ್ಲಿದ್ದೆ. ಅವ್ವ ಸಹಿ ಹಾಕುವಷ್ಟೇ ಬರಹ ಕಲಿತವಳು. ಹಿಂದಿನ ದಿನ ಅವಳ ತುಟಿ ನೋಡಿ ನಾನು ಬರೆದುಕೊಳ್ಳಬಹುದಿತ್ತು. ಎದ್ದು ನಿಂತು ಅವಳ ಪರವಾಗಿ ಹೇಳಬಹುದಿತ್ತು. ಎರಡನ್ನೂ ಮಾಡಲಿಲ್ಲ. ನೊಂದವರ ಮಾತನ್ನು ನೀವು ಕಸಿದುಕೊಂಡು ಆಡಬೇಡಿ, ಅವರೇ ಆಡಲಿ ಎಂದು ನಮ್ಮ ಶಾಲೆಯಲ್ಲಿ ಕಲಿಸಿದ್ದರು. ಆ ಪಾಠ ಸರಿಯಾದದ್ದೇ. ಆಡಿದವರ ಮಾತು ತಲುಪುವವರೆಗೆ ಬಾಗಿಲಿಗೆ ಅಡ್ಡ ನಿಲ್ಲಬೇಕೆಂಬ ಉಳಿದರ್ಧವನ್ನು ನಾನು ಕಲಿತಿರಲಿಲ್ಲ. ಅವ್ವನೂ ಒಂದು ತಪ್ಪು ಮಾಡಿದ್ದಳು, ಮೊಸರು ಮಾರುವವರು ಮಾತ್ರ ಮಾಡಬಹುದಾದ ತಪ್ಪು. ಇವತ್ತು ಕೂಗಿದರೆ ನಾಳೆ ಅದೇ ಬಸ್ಸು, ಅದೇ ಕಿಟಕಿ, ಅದೇ ಕೈ ಬರುತ್ತದೆಂದು ನಂಬಿದವಳು ಅವಳು. ಮಾತನಾಡಿ ಎಂದು ಕರೆದವರು ಕೇಳುವುದಕ್ಕೂ ಬರುತ್ತಾರೆಂದು ತಿಳಿದಿದ್ದಳು.

ಮರುದಿನ ನಾನು ಸಭಾಭವನಕ್ಕೆ ಹೋದಾಗ ಬಾಗಿಲಿಗೆ ಕೀಲಿ ಹಾಕಿತ್ತು. ಕಿಟಕಿಯ ಒಂದು ಗಾಜು ಒಡೆದಿತ್ತು. ಅಲ್ಲಿ ಕಿವಿಯಿಟ್ಟು ನಿಂತೆ. ಒಳಗೆ ಮಡಚಿಟ್ಟ ಕುರ್ಚಿಗಳು, ಗೋಡೆಗೆ ಒರಗಿಸಿದ ಧ್ವಜದ ಕೋಲು. ಮುಂದಿನ ಸಾಲು ಇದ್ದ ಕಡೆಯಿಂದ ಅವ್ವ ಮಾತನಾಡಿದಳು.

“ಎಲ್ಲಾರಿಗೂ ಶರಣ್ರೀ. ನಾ ವ್ಯಾಪಾರದ ಮಾತ ಹೇಳಾಕ ಬಂದಿಲ್ಲ. ಬುಟ್ಟಿ ಹೊತಗೊಂಡು ಬೈಪಾಸಿಗಿ ಹೋಗ್ತೇನಿ, ಕಾಲ ಗಟ್ಟಿ ಅದಾವು. ಆದ್ರ ನನ್ನ ದನಿ ಆ ಗಿಡದ ಬುಡಕ ಬರತೈತ್ರೀ. ಅದಕ್ಕ ಗಿಡಾ ಬೇಕು, ಕಟ್ಟಿ ಬೇಕು. ಗಿಡಾ ಕಡದ ದಿನಾ ನಾ ಹಿಂದಿನ ದಿನಾ ಆಡಿದ್ದು ಎಲ್ಲಿ ಬಂದು ನಿಂದರಬೇಕು? ನಮ್ಮವ್ವಗೂ ಇದs ಬ್ಯಾನಿ ಇತ್ತು. ಹಳೆ ಊರ ಬಿಡೂ ದಿನಾ ಆಕಿ ಮನಿ ನಡುಕಂಬ ಹಿಡಕೊಂಡು ಏನೋ ಅಂದ್ಳು. ನಾವು ಗಾಡಿ ಹತ್ತಿದಿವಿ. ಮರದಿನ ಆ ಮನ್ಯಾಗ ಯಾರೂ ಇರಲಿಲ್ಲ, ನೀರ ಬಂದಿತ್ತು. ಏನಂದ್ಳಂತ ನನಗ ಇವತ್ತಿಗೂ ಗೊತ್ತಿಲ್ರೀ. ಹೊಸ ಊರಿಗಿ ಬಂದ ಎಂಟ ದಿನಕ್ಕ ಆಕಿ ಹ್ವಾದ್ಳು. ಅದಕ್ಕ ಕೇಳಕೋತೇನಿ. ನಾ ಈಗ ಹೇಳಿದ್ದಕ್ಕ ನೀವು ನಾಳಿ ಒಬ್ಬರರ ಇಲ್ಲಿ ಕುಂತಿರ್ರಿ.”

ಅಜ್ಜಿಗೂ ಈ ಕಾಯಿಲೆ ಇತ್ತೆಂಬುದನ್ನೂ ಹಳೆಯ ಮನೆಯ ನಡುಗಂಬದ ಈ ಸಂಗತಿಯನ್ನೂ ನಾನು ಕೇಳಿದ್ದು ಅದೇ ಮೊದಲು. ಅವ್ವ ಅದನ್ನು ಮನೆಯಲ್ಲಿ ಎಂದೂ ಆಡಿರಲಿಲ್ಲ. ಆಡಿದ್ದರೂ, ಮರುದಿನ ನಾನು ಆ ಹೊತ್ತಿಗೆ ಆ ಜಾಗದಲ್ಲಿ ಇರಲಿಲ್ಲ. ಎಷ್ಟು ಮರುದಿನಗಳಲ್ಲಿ ನಾನು ಸಿಂದಗಿಯಲ್ಲಿ ದುಂಡಗೆ ಕುಳಿತು ಕೇಳುವುದು ಹೇಗೆಂದು ಕಲಿಯುತ್ತಿದ್ದೆ ಎಂಬುದನ್ನು ಈಗ ಲೆಕ್ಕ ಹಾಕಲಾರೆ.

ಒಡೆದ ಗಾಜಿನ ಬಳಿ ಮೊಬೈಲು ಹಿಡಿದು ವಿಡಿಯೊ ಮಾಡಿಕೊಂಡಿದ್ದ ಆ ಮಾತನ್ನು ಕಾಗದದ ಮೇಲೂ ಇಳಿಸಿ ಸಮಿತಿಗೆ ಕೊಟ್ಟೆ. ವಿಡಿಯೊದಲ್ಲಿ ಖಾಲಿ ಭವನ ಕಾಣುತ್ತದೆ, ಆಡಿದವರು ಕಾಣುವುದಿಲ್ಲ ಎಂದು ಹಿಂದಿರುಗಿಸಿದರು. ಮತ್ತೆ ಕೊಟ್ಟೆ. ಹೊರ್ತಿಯಲ್ಲಿ ಸೇರಿದ್ದವರೆಲ್ಲ ಹೆಬ್ಬೆಟ್ಟು ಒತ್ತಿದರು. ಕಂಡಕ್ಟರ್ ತನ್ನ ಸೀಟಿನ ಸಾಕ್ಷಿ ಬರೆದುಕೊಟ್ಟ. ಕೊನೆಗೆ ಇನ್ನೊಂದು ವಿಚಾರಣೆ ನಡೆಸಲು ಒಪ್ಪಿದ್ದಾರೆ. ಮರ ಇನ್ನೂ ಇದೆ. ಅವ್ವ ಇವತ್ತೂ ಅದರ ಕೆಳಗೆ ಕುಳಿತು ನಾಳೆಯ ಮೊಸರು ಸಿಹಿ ಎಂದು ತುಟಿಯಲ್ಲಿ ಹೇಳಿದ್ದಾಳೆ.

ಸಮಿತಿಯ ಅಧ್ಯಕ್ಷರೇ, ಸದಸ್ಯರೇ, “ಆಕ್ಷೇಪಣೆ ಇಲ್ಲ” ಎಂದು ಬರೆದ ಗುಮಾಸ್ತರೇ, ನಿಮ್ಮಿಂದ ಕರುಣೆಯನ್ನು ಕೇಳುತ್ತಿಲ್ಲ. ಈ ವಿಚಾರಣೆಯನ್ನು ಎರಡು ದಿನ ನಡೆಸಿರಿ. ಮೊದಲ ದಿನ ಅವ್ವ ಬಾಯಿ ತೆರೆದ ಹೊತ್ತನ್ನು ನಿಮ್ಮದೇ ಗೋಡೆಯ ಗಡಿಯಾರ ನೋಡಿ ಬರೆದುಕೊಳ್ಳಿರಿ. ಅವಳ ಹೆಸರಿನ ಮುಂದಿನ ಅಂಕಣವನ್ನು ಆ ದಿನ ಖಾಲಿ ಬಿಡಿರಿ. ಅವಳು ನಿಂತ ಜಾಗದಿಂದ ಕುರ್ಚಿಯನ್ನು ಸರಿಸಬೇಡಿರಿ. ಎರಡನೆಯ ದಿನ ಆ ಹೊತ್ತಿಗಿಂತ ಐದು ನಿಮಿಷ ಮೊದಲು ಬಾಗಿಲಿನ ಕೀಲಿ ತೆಗೆದು, ಪ್ರಶ್ನೆ ಕೇಳಿದವರೇ ಬಂದು ಕುಳಿತು, ಅವಳ ಮಾತು ಮುಗಿಯುವವರೆಗೆ ಏಳದೆ, ಕೇಳಿಸಿದ್ದನ್ನು ಕೇಳಿಸಿದ ಹಾಗೆಯೇ ಬರೆಯಿರಿ.